ದೀಪ ಹಚ್ಚಿದ ಮೇಲಿನ ಹಾಲು

॥ ಶ್ರೀ ಶಾರದಾಂಬಾಯೈ ನಮಃ ॥
॥ ಗೋಮಾತ್ರೇ ನಮಃ ॥

ಅಡ್ಡಗದ್ದೆ, ಶೃಂಗೇರಿ ತಾಲ್ಲೂಕು
ಸ್ವಸ್ತಿ ಶ್ರೀ ವಿಶ್ವಾವಸು ಸಂವತ್ಸರದ ದಕ್ಷಿಣಾಯನ, ಶರದೃತು, ಕಾರ್ತಿಕ ಶುದ್ಧ ಅಷ್ಟಮಿ, ಗುರುವಾರ, ಗೋಪಾಷ್ಟಮಿಯ ಪುಣ್ಯದಿನ
(೩೦-೧೦-೨೦೨೫)

ಚಿರಂಜೀವಿ ನಿಶ್ಚಿತೆಗೆ ನಿನ್ನ ಅಜ್ಜನ ಮನಃಪೂರ್ವಕ ಆಶೀರ್ವಾದಗಳು.

ಮೊದಲು ನಿನ್ನ ದೇಹಾರೋಗ್ಯದ ಮಾತು. ನೀನು ಓದುತ್ತಿರುವ ಆ ಉತ್ತರದ ಕರ್ನಾಲಿನಲ್ಲಿ ಚಳಿ ಆಗಲೇ ಕಾಲಿಟ್ಟಿರಬೇಕು. ಹೋದ ವರ್ಷ ಮೂರು ವಾರ ನಿನ್ನನ್ನು ಕಾಡಿದ ಕೆಮ್ಮು ಈ ಸಲವಾದರೂ ನಿನ್ನ ವಿಳಾಸವನ್ನು ಮರೆಯಲೆಂದು ದಿನವೂ ಪ್ರಾರ್ಥಿಸುತ್ತಿದ್ದೇನೆ. ನಿನ್ನ ಅಮ್ಮ ಕಳುಹಿಸಿದ ಕಷಾಯದ ಪುಡಿಯನ್ನು ಮೇಜಿನ ಮೇಲೆ ಪ್ರದರ್ಶನಕ್ಕಿಡದೆ ಕುಡಿಯತಕ್ಕದ್ದು. ಇಲ್ಲಿ ನಾವೆಲ್ಲರೂ ಸುಖವಾಗಿದ್ದೇವೆ. ನಿನ್ನ ಅಜ್ಜಿಯ ಮೊಣಕಾಲಿನ ನೋವು ಇದ್ದಷ್ಟೇ ಇದೆ, ನಾಲಿಗೆಯ ಚುರುಕು ಮಾತ್ರ ಹೆಚ್ಚಿದೆ. ಕೊಪ್ಪದಲ್ಲಿ ನನ್ನ ಕಣ್ಣಿನ ಪೊರೆ ತೆಗೆಸಿದ ಮೇಲೆ ಅಕ್ಷರಗಳು ಮತ್ತೆ ಸ್ಫುಟವಾಗಿ ಕಾಣುತ್ತಿವೆ. ಆದಕಾರಣ ಈ ಪತ್ರ ದೀರ್ಘವಾದೀತು, ಸಹಿಸಿಕೋ. ಫೋನಿನಲ್ಲಿ ಹೇಳಬಹುದಿತ್ತಲ್ಲ ಎಂದು ನೀನು ಕೇಳುವೆ. ಕೆಲವು ವಿಷಯಗಳನ್ನು ಬಾಯಿಬಿಟ್ಟು ಹೇಳತೊಡಗಿದರೆ ಎದುರಿನವರು ಪ್ರೀತಿಯಿಂದಲೇ ‘ಇರ್ಲಿ ಬಿಡಿ ಅಜ್ಜ’ ಎಂದು ನಡುವೆ ತಡೆದುಬಿಡುತ್ತಾರೆ. ಕಾಗದ ಹಾಗೆನ್ನುವುದಿಲ್ಲ, ಕೊನೆಯವರೆಗೂ ಕೇಳಿಸಿಕೊಳ್ಳುತ್ತದೆ.

ಜ್ಯೇಷ್ಠಮಾಸದಲ್ಲಿ ನೀನು ಒಂದು ನಕ್ಷೆಯನ್ನು ಕಳುಹಿಸಿ ನನ್ನನ್ನೊಂದು ಪ್ರಶ್ನೆ ಕೇಳಿದ್ದೆ. ದೇಶದ ಹಾಲಿನ ಉತ್ಪಾದನೆ ಯಾವ ಕಾಲದಲ್ಲಿ ಎಷ್ಟು ಏರಿತು, ಎಲ್ಲೆಲ್ಲಿ ಇಳಿಯಿತು, ಏಕೆ ಎಂಬುದೇ ನಿನ್ನ ಸಂಶೋಧನೆಯ ವಿಷಯವೆಂದು ನಿನ್ನ ಅಪ್ಪ ನನಗೆ ತಿಳಿಯುವಂತೆ ವಿವರಿಸಿದ. ನಕ್ಷೆಯಲ್ಲಿ ಎರಡು ಗೆರೆಗಳಿದ್ದವು. ಮೇಲಿನದು ದೇಶದ್ದು. ನಾನು ತೊಟ್ಟಿಲಿನಿಂದ ಇಳಿದ ಕಾಲಕ್ಕೆ ಇಡೀ ದೇಶ ವರ್ಷಕ್ಕೆ ಒಂದೂಮುಕ್ಕಾಲು ಕೋಟಿ ಟನ್ನಿನ ಆಸುಪಾಸು ಹಾಲು ಕಾಣುತ್ತಿದ್ದದ್ದು ಈಗ ಇಪ್ಪತ್ತಮೂರು ಕೋಟಿ ಟನ್ನನ್ನು ದಾಟಿದೆಯೆಂದೂ, ಏರುವ ವೇಗ ಈಚೆಗೆ ತುಸು ತಗ್ಗಿದರೂ ಗೆರೆಯ ಮುಖ ಮೇಲಕ್ಕೇ ಇದೆಯೆಂದೂ ನೀನು ಬರೆದಿದ್ದೆ. ಓದಿ ನನ್ನ ಕಣ್ಣು ತುಂಬಿತು. ನನ್ನ ತಾಯಿಯ ಕಾಲದಲ್ಲಿ ನಮ್ಮ ಕೊಟ್ಟಿಗೆಯಲ್ಲಿ ಹನ್ನೊಂದು ಮಲೆನಾಡು ಗಿಡ್ಡ ಹಸುಗಳಿದ್ದವು. ಅವೆಲ್ಲ ಕೂಡಿ ಕೊಡುತ್ತಿದ್ದ ಹಾಲು ಈಗ ನಿನ್ನ ಅಪ್ಪ ಸಾಕಿರುವ ಒಂದು ಮಿಶ್ರತಳಿಯ ಹಸುವಿನ ಹಾಲಿಗೆ ಸಮವಾಗುತ್ತಿರಲಿಲ್ಲ. ಬಾಣಂತಿಯ ಮನೆಗೆಂದು ಪಾವು ಹಾಲನ್ನು ಬೇಡಿ ತರುತ್ತಿದ್ದ ದಿನಗಳನ್ನು ಕಂಡವನಿಗೆ ಆ ಗೆರೆ ಬರಿಯ ಗೆರೆಯಾಗಿ ಕಾಣುವುದಿಲ್ಲ ಮಗಳೇ, ಎಷ್ಟೋ ಲಕ್ಷ ತಾಯಂದಿರು ಹಗುರವಾಗಿ ಬಿಟ್ಟ ಉಸಿರಿನಂತೆ ಕಾಣುತ್ತದೆ.

ಕೆಳಗಿನ ಗೆರೆ ನಮ್ಮ ಊರಿನ ಹಾಲು ಉತ್ಪಾದಕರ ಸಂಘದ್ದು, ಅಂದರೆ ನಾವು ಡೈರಿ ಎಂದು ಕರೆಯುವ ಆ ಒಂದು ಕೋಣೆಯದು. ಅಕ್ಕಪಕ್ಕದ ಊರುಗಳ ಹಾಲು ವರ್ಷದಿಂದ ವರ್ಷಕ್ಕೆ ಮೆಲ್ಲಮೆಲ್ಲನೆ ಇಳಿದಿದ್ದರೆ, ನಮ್ಮದು ಹನ್ನೊಂದು ವರ್ಷಗಳ ಹಿಂದಿನ ಒಂದು ಕಾರ್ತಿಕದಲ್ಲಿ ಮೆಟ್ಟಿಲಿನಿಂದ ಕಾಲು ಜಾರಿದಂತೆ ಒಮ್ಮೆಗೇ ಕುಸಿದು, ಮತ್ತೆ ಎದ್ದಿರಲಿಲ್ಲ. ಆ ಸ್ಥಳಕ್ಕೆ ನೀನು ಕೆಂಪು ಗುರುತು ಹಾಕಿ, ‘ಇಲ್ಲಿ ಎಂತ ಆಯ್ತು ಅಜ್ಜ? ದನಗಳಿಗೆ ಕಾಯಿಲೆಯಾ? ಗೊತ್ತಾಗದಿದ್ರೆ ಕಾರಣ ತಿಳಿಯದು ಅಂತ ಬರೀಬೇಕಾಗ್ತದೆ’ ಎಂದು ಕೇಳಿದ್ದೆ. ಪ್ರಶ್ನೆ ಬಂದ ಮರುದಿನವೇ ನಾನು ಉತ್ತರಿಸಿದೆ. ಹೆಂಗಸರಿಗೆ ಸೆಗಣಿ ಮುಟ್ಟಲು ಬೇಸರ, ಗಂಡಸರಿಗೆ ಅಡಕೆಯ ಧಾರಣೆಯೊಂದೇ ಧ್ಯಾನ, ಎಲ್ಲರಿಗೂ ಅಂಗಡಿಯ ಪ್ಯಾಕೆಟ್ ಹಾಲು ಸುಲಭ ಎಂದು ಎರಡು ಪುಟಗಳ ತುಂಬ ಊರವರನ್ನು ದೂಷಿಸಿದ್ದೆ. ಆ ಪತ್ರವನ್ನು ದಯವಿಟ್ಟು ಹರಿದುಹಾಕು. ಅದರಲ್ಲಿ ಅಲ್ಪಸ್ವಲ್ಪ ಸತ್ಯವಿದ್ದರೂ ನೀನು ಕೇಳಿದ ಪ್ರಶ್ನೆಗೆ ಅದು ಉತ್ತರವಲ್ಲ.

ಅದೇ ವೇಳೆಗೆ ಹಾಲು ಒಕ್ಕೂಟದಿಂದ ಡೈರಿಗೆ ಒಂದು ಸೂಚನೆ ಬಂದಿತ್ತು. ದಿನದ ಸಂಗ್ರಹ ಮೂವತ್ತೆಂಟು ಲೀಟರಿಗೆ ಇಳಿದಿದೆ, ದೀಪಾವಳಿ ಕಳೆದ ವಾರದಲ್ಲಿ ಅಳೆದಾಗ ದಿನಕ್ಕೆ ಅರವತ್ತು ಲೀಟರಿನ ಸರಾಸರಿ ಕಾಣದಿದ್ದರೆ ಈ ಕೇಂದ್ರವನ್ನು ಮುಚ್ಚಲಾಗುವುದು, ಹಾಲು ಹಾಕುವವರು ಐದು ಕಿಲೋಮೀಟರ್ ಆಚೆಯ ಊರಿಗೆ ಹೋಗತಕ್ಕದ್ದು ಎಂದು ಅದರ ತಾತ್ಪರ್ಯ. ಬೈಕು ಜೀಪು ಇರುವವರಿಗೆ ಇದು ದೊಡ್ಡ ಸಂಗತಿಯಲ್ಲ. ಆದರೆ ಗದ್ದೆಯಾಚೆಯ ಸಣ್ಣಕ್ಕನನ್ನು ನೀನು ಬಲ್ಲೆ. ಗಂಡ ತೀರಿಕೊಂಡ ಮೇಲೆ ಎರಡು ಹಸುಗಳನ್ನು ನಂಬಿ ಬದುಕಿದವಳು, ಅವುಗಳ ಹಾಲಿನಿಂದಲೇ ಮಗಳನ್ನು ಕೊಪ್ಪದಲ್ಲಿ ನರ್ಸಿಂಗ್ ಓದಿಸುತ್ತಿರುವವಳು. ಹಾಲಿನ ಕ್ಯಾನು ಹೊತ್ತು ಆ ಏರುದಾರಿಯಲ್ಲಿ ದಿನವೂ ಹೋಗಿಬರುವುದು ಅವಳಿಂದಾಗದು. ಡೈರಿಯ ಬಾಗಿಲು ಮುಚ್ಚಿದ ದಿನ ಅವಳು ಹಸುಗಳ ಹಗ್ಗ ಬಿಚ್ಚಿ ಯಾರದೋ ಕೈಗೆ ಕೊಡಬೇಕು, ಮಗಳು ಪುಸ್ತಕ ಕಟ್ಟಿಟ್ಟು ಊರಿಗೆ ಬರಬೇಕು. ಇದನ್ನು ಕೇಳಿ ನನಗೆ ಊರವರ ಮೇಲೆ ಇನ್ನಷ್ಟು ಕೋಪ ಬಂತು. ಆ ಕಾರ್ತಿಕದಲ್ಲಿ ಯಾರು ಯಾರು ಹಾಲು ನಿಲ್ಲಿಸಿದರೆಂಬುದನ್ನು ಹೆಸರು ಸಮೇತ ನಿನಗೆ ತಿಳಿಸಿಯೇ ಬಿಡಬೇಕೆಂದು ನಾನು ಡೈರಿಗೆ ಹೊರಟೆ.

ಅಲ್ಲಿಯ ಕಾರ್ಯದರ್ಶಿ ಮಾಲತಿ ಹಳೆಯ ಪುಸ್ತಕ ತೋರಿಸಲು ಒಪ್ಪಲಿಲ್ಲ. ಮೊದಲ ಸಲ ‘ಅದೆಲ್ಲ ಗೆದ್ಲು ಹಿಡಿದು ಹೋಗಿದೆ ಭಟ್ರೇ’ ಎಂದಳು. ಎರಡನೆಯ ಸಲ ಕಪಾಟಿನ ಕೀಲಿ ಕಾಣೆಯಾಗಿತ್ತು. ಮೂರನೆಯ ಸಲ ನಾನು ಬೆಂಚಿನ ಮೇಲೆ ಕುಳಿತೇಬಿಟ್ಟಾಗ, ನಿಟ್ಟುಸಿರುಬಿಟ್ಟು ಪುಸ್ತಕ ತಂದು ಮುಂದಿಟ್ಟಳು. ಗೆದ್ದಲಿನ ಸುಳಿವೂ ಅದರಲ್ಲಿರಲಿಲ್ಲ. ಕಾರ್ತಿಕದ ಒಂದು ದಿನದವರೆಗೆ ಸಂಜೆಯ ಅಂಕಣದಲ್ಲಿ ಹದಿನೇಳು ಮನೆಗಳ ಹಾಲಿತ್ತು. ಮರುದಿನ ಹನ್ನೊಂದು. ವಾರ ಕಳೆಯುವಷ್ಟರಲ್ಲಿ ನಾಲ್ಕು. ಮಾಸ ಮುಗಿಯುವಾಗ ಒಂದೂ ಇಲ್ಲ. ಬೆಳಗಿನ ಹಾಲು ಮಾತ್ರ ಎಂದಿನಂತೆ ಬರುತ್ತಿತ್ತು. ‘ಈ ದಿನ ಎಂತ ಆಯ್ತು ಮಾಲತಿ?’ ಎಂದೆ. ‘ನಂಗೆ ನೆನಪಿಲ್ಲ’ ಎಂದವಳೇ ತೊಳೆದಿಟ್ಟ ಕ್ಯಾನನ್ನು ಮತ್ತೆ ತೊಳೆಯತೊಡಗಿದಳು. ಆಗ ಬಾಗಿಲಲ್ಲಿ ನಿಂತಿದ್ದ ಸಣ್ಣಕ್ಕ, ಬೇಲಿ ಮುರಿದ ಸುದ್ದಿಯನ್ನು ಹೇಳುವಷ್ಟೇ ಸಹಜವಾಗಿ, ‘ನೆನಪಿಲ್ದೆ ಎಂತ! ನೀವೇ ಅಲ್ವಾ ಭಟ್ರೇ ಹೇಳಿದ್ದು, ದೀಪ ಹಚ್ಚಿದ ಮೇಲೆ ಹಾಲು ಹೊಸ್ತಿಲು ದಾಟಿದ್ರೆ ಲಕ್ಷ್ಮಿ ಹೊರಟು ಹೋಗ್ತಾಳೆ ಅಂತ? ಆಮೇಲೆ ಯಾರು ತರ್ತಾರೆ?’ ಎಂದಳು. ಅವಳ ದನಿಯಲ್ಲಿ ಕೋಪವಿರಲಿಲ್ಲ. ಇದ್ದಿದ್ದರೆ ನನಗೆ ಅಷ್ಟು ಕಷ್ಟವಾಗುತ್ತಿರಲಿಲ್ಲ.

ನೆನಪು ಒಂದೊಂದಾಗಿ ಮರಳಿತು. ಆ ವರ್ಷ ಡೈರಿಗೆ ಹೊಸ ಕೋಣೆ ಕಟ್ಟಿ ಪೂಜೆ ಮಾಡಿಸಿದ್ದರು. ಪೂಜೆಯ ತರುವಾಯ ಗೋಮಹಿಮೆಯ ಮೇಲೆ ನಾಲ್ಕು ಮಾತು ಆಡಬೇಕೆಂದು ನನ್ನನ್ನು ಕೇಳಿಕೊಂಡರು. ನಾಲ್ಕಕ್ಕೇ ನಿಲ್ಲಿಸಿದ್ದರೆ ಇಂದು ಈ ಪತ್ರದ ಅಗತ್ಯವೇ ಇರುತ್ತಿರಲಿಲ್ಲ. ಒಂದು ಗಂಟೆ ಮಾತನಾಡಿದೆ. ಹೊತ್ತು ಮುಳುಗಿತು. ಹೊರಗೆ ಜನ ಸಂಜೆಯ ಹಾಲು ಹಿಡಿದು ಕಾಯುತ್ತಿದ್ದರು. ಅವರನ್ನು ಕಂಡದ್ದೇ ತಡ, ಮುಸ್ಸಂಜೆಯಲ್ಲಿ ಹಾಲು ಮನೆಯಿಂದ ಹೊರಹೋಗಕೂಡದೆಂಬುದು ಪೂರ್ವಿಕರ ಕಟ್ಟಳೆಯೆಂದೂ, ಅದನ್ನು ಮೀರಿದ ಮನೆಯಲ್ಲಿ ಸಿರಿ ನಿಲ್ಲದೆಂದೂ ಘೋಷಿಸಿದೆ. ಯಾವ ಗ್ರಂಥದಲ್ಲಿದೆಯೆಂದು ಯಾರೂ ಕೇಳಲಿಲ್ಲ. ಹೇಳಿದವನು ನಾನೆಂಬುದೇ ಅವರಿಗೆ ಸಾಕಾಗಿತ್ತು. ಈ ಆಷಾಢದಲ್ಲಿ ಎಂಟು ದಿನ ನನ್ನ ಕಪಾಟಿನ ಗ್ರಂಥಗಳನ್ನೆಲ್ಲ ಶೋಧಿಸಿದೆ. ನಾನು ಸಾರಿದ ಮಾತಿಗೆ ಒಂದು ಸಾಲಿನ ಆಧಾರವೂ ಸಿಗಲಿಲ್ಲ. ಅದು ನನ್ನ ತಾಯಿ ಹೇಳುತ್ತಿದ್ದ ಮಾತು, ಅಷ್ಟೇ. ಪುಸ್ತಕಗಳ ರಾಶಿಯ ನಡುವೆ ಕುಳಿತಿದ್ದ ನನ್ನನ್ನು ಕಂಡು ನಿನ್ನ ಅಜ್ಜಿ, ‘ಎಂತ ಹುಡುಕ್ತಿದ್ದೀರಿ? ಕತ್ತಲಲ್ಲಿ ಸಂಕ ದಾಟುವಾಗ ಮಕ್ಕಳು ಹಾಲಿನ ತಂಬಿಗೆ ಸಮೇತ ಹಳ್ಳಕ್ಕೆ ಬಿದ್ದಾವು ಅಂತ ಅತ್ತೆ ಹಾಗೆ ಹೆದರಿಸ್ತಿದ್ದದ್ದು. ನಿಮಗೆ ಗೊತ್ತೇ ಇರ್ಲಿಲ್ವಾ?’ ಎಂದಳು. ಹಳ್ಳಕ್ಕೆ ಅಡ್ಡವಾಗಿ ಎರಡು ಮರ ಹಾಕಿದ ಆ ಕಾಲುಸಂಕ ಹೋಗಿ ಸಿಮೆಂಟಿನ ಮೋರಿ ಬಂದು ಮೂವತ್ತು ವರ್ಷ ಸಂದಿವೆ. ತಾಯಿ ಮಕ್ಕಳ ಮೇಲಿನ ಅಕ್ಕರೆಯಿಂದ ಆಡಿದ ಮಾತನ್ನು ನಾನು ಧರ್ಮದ ಶಾಸನವನ್ನಾಗಿ ಮಾಡಿ ಊರಿನ ಮೇಲೆ ಹೇರಿದ್ದೆ.

ಆಮೇಲಿನದನ್ನು ನೀನು ನನಗಿಂತ ಚೆನ್ನಾಗಿ ಬಲ್ಲೆ. ಸಂಜೆಯ ಹಾಲನ್ನು ಕೆಲಕಾಲ ಬೆಣ್ಣೆ ಮಾಡಿದರು, ಕರುಗಳಿಗೆ ಬಿಟ್ಟರು, ಕೊನೆಗೆ ದಿನಕ್ಕೊಂದೇ ಹೊತ್ತು ಕರೆಯತೊಡಗಿದರು. ಒಂದೇ ಹೊತ್ತು ಕರೆದ ಹಸು ಬೆಳಗಿನ ಹಾಲನ್ನೂ ಇಳಿಸಿತು. ಹಾಲು ಇಳಿದ ಹಸು ಹೊರೆಯಾಯಿತು. ಕೊಟ್ಟಿಗೆಗಳು ಒಂದೊಂದಾಗಿ ಬರಿದಾದವು. ಶೃಂಗೇರಿಯಿಂದ ಕೊಪ್ಪಕ್ಕೆ ಸಂಜೆ ಹಾಲು ಸಾಗಿಸುವ ವಾಹನ ನಮ್ಮಲ್ಲಿ ನಿಲ್ಲುವುದನ್ನು ಬಿಟ್ಟಿತು. ನಿನ್ನ ನಕ್ಷೆಯ ಕೆಂಪು ಗುರುತಿನಲ್ಲಿ ಇದ್ದದ್ದು ದನಗಳ ಕಾಯಿಲೆಯಲ್ಲ ಮಗಳೇ, ನಿನ್ನ ಅಜ್ಜನ ಪಾಂಡಿತ್ಯ.

ಇದನ್ನು ಸರಿಪಡಿಸಲು ಇನ್ನೊಂದು ಉಪನ್ಯಾಸ ಏರ್ಪಡಿಸಬೇಕೆಂದು ನಾನು ಯೋಚಿಸಿದೆ. ‘ಇನ್ನೊಂದು ಭಾಷಣವಾ? ಬೇಡ ಮಾರಾಯ್ರೆ. ಹಾಲು ತಗೊಂಡು ನಡೀರಿ’ ಎಂದಳು ನಿನ್ನ ಅಜ್ಜಿ. ಹಾಗೆಯೇ ಆಯಿತು. ಆ ವಾಹನದ ಚಾಲಕರಾದ ಕೊಪ್ಪದ ಯಾಕೂಬ್ ಸಾಹೇಬರನ್ನು ರಸ್ತೆಯಲ್ಲಿ ತಡೆದು ಪ್ರಾರ್ಥಿಸಿದೆ. ‘ನಿಲ್ಸೂದು ದೊಡ್ಡದಲ್ಲ ಭಟ್ರೇ, ಎರಡು ನಿಮಿಷ. ಆದ್ರೆ ಖಾಲಿ ಕ್ಯಾನಿಗೆ ಸಲಾಂ ಹೊಡಿಲಿಕ್ಕೆ ನಿಲ್ಸೂದಾ?’ ಎಂದು ನಕ್ಕು ಒಪ್ಪಿಕೊಂಡರು. ಆಷಾಢದ ಒಂದು ಸಂಜೆ ನಾನೇ ದೇವರ ಮುಂದೆ ದೀಪ ಹಚ್ಚಿ, ಸಂಧ್ಯಾವಂದನೆ ಮುಗಿಸಿ, ಒಂದು ಕೈಯಲ್ಲಿ ಕೊಡೆಯನ್ನೂ ಇನ್ನೊಂದರಲ್ಲಿ ಒಂದೂವರೆ ಲೀಟರ್ ಹಾಲನ್ನೂ ಹಿಡಿದು ಹೊಸ್ತಿಲು ದಾಟಿದೆ. ಮೊದಲ ಮನೆಯ ಜಗಲಿಯಿಂದ ಯಲ್ಲಕ್ಕ, ‘ಎಂತ ಭಟ್ರೇ, ನಿಮ್ಮನೇಲಿ ಇನ್ನೂ ದೀಪ ಹಚ್ಲಿಲ್ವಾ?’ ಎಂದು ಕೂಗಿದಳು. ‘ಹಚ್ಚಿಯೇ ಬಂದೆ. ಅವತ್ತು ನಾನು ಹೇಳಿದ್ದು ತಪ್ಪಾಗಿತ್ತು ಯಲ್ಲಕ್ಕ’ ಎಂದೆ. ಎಪ್ಪತ್ತೇಳನೆಯ ವಯಸ್ಸಿನಲ್ಲಿ ‘ತಪ್ಪಾಗಿತ್ತು’ ಎಂಬ ಪದ ಆ ಮೊದಲ ಮನೆಯ ಮುಂದೆ ತಡವರಿಸಿಯೇ ಹೊರಬಿತ್ತು. ಒಂಬತ್ತನೆಯ ಮನೆ ತಲುಪುವ ಹೊತ್ತಿಗೆ ಸಲೀಸಾಯಿತು. ಕ್ಯಾನಿನ ತಳವನ್ನಷ್ಟೇ ಮುಚ್ಚಿದ್ದ ಹಾಲನ್ನು ಬಗ್ಗಿ ನೋಡಿ ಯಾಕೂಬರು, ‘ನೀವು ಒಂದು ಮಾತಲ್ಲಿ ನಿಲ್ಸಿದ್ರಿ, ದನ ಒಂದು ಮಾತಲ್ಲಿ ಶುರು ಮಾಡೂದಿಲ್ಲ ಮಾರಾಯ್ರೆ. ನಾಳೆನೂ ನಿಲ್ಸ್ತೇನೆ, ಬನ್ನಿ’ ಎಂದರು.

ಎಂಟು ಸಂಜೆಗಳ ಕಾಲ ನಾನೊಬ್ಬನೇ ಹೋದೆ. ಒಂಬತ್ತನೆಯ ಸಂಜೆ ಸಣ್ಣಕ್ಕ ಅರ್ಧ ಲೀಟರ್ ತಂದಳು. ‘ನಮ್ಮ ಗೌರಿಗೆ ಸಂಜೆ ಹಾಲು ಕೊಡೋದೇ ಮರ್ತು ಹೋಗಿದೆ ಭಟ್ರೇ. ಬೆನ್ನು ಸವರಿದ್ದಾಯ್ತು, ಹಿಂಡಿ ಇಟ್ಟಿದ್ದಾಯ್ತು, ಇನ್ನು ಕಾಲಿಗೆ ಬೀಳೋದೊಂದು ಬಾಕಿ’ ಎಂದು ನಗಿಸಿದಳು. ಶ್ರಾವಣದಲ್ಲಿ ಯಲ್ಲಕ್ಕ ಬಂದಳು, ಭಾದ್ರಪದದಲ್ಲಿ ಇನ್ನು ಆರು ಮನೆಯವರು. ನವರಾತ್ರಿಯ ಹೊತ್ತಿಗೆ ಎರಡು ಹೊತ್ತಿನದೂ ಕೂಡಿ ಐವತ್ತೆರಡು ಲೀಟರಾಯಿತು. ಯಾಕೂಬರ ಎರಡು ನಿಮಿಷ ಹತ್ತು ನಿಮಿಷವಾಯಿತು. ಯಾರಾದರೂ ತಡವಾಗಿ ಬಂದರೆ ಹಾರ್ನ್ ಬಾರಿಸಿ ಬೈದು, ಬೈಯುತ್ತಲೇ ಕಾದರು. ಮಾಲತಿ ಸಂಬಳದ ಮಾತೆತ್ತದೆ ಸಂಜೆಯೂ ಬಾಗಿಲು ತೆರೆದಳು. ಇವರಲ್ಲಿ ಯಾರೊಬ್ಬರೂ, ಹನ್ನೊಂದು ವರ್ಷಗಳಲ್ಲಿ ಒಮ್ಮೆಯೂ, ‘ನಿಮ್ಮಿಂದ ಹೀಗಾಯಿತು’ ಎಂದು ನನ್ನನ್ನು ಹಳಿದಿಲ್ಲ. ಪೂಜೆಗೆ ಕರೆದರು, ಕಾಲಿಗೆ ನಮಸ್ಕರಿಸಿದರು, ನಷ್ಟವನ್ನು ತಾವೇ ಹೊತ್ತರು. ನಾನು ಜೀವಮಾನದಲ್ಲಿ ಅನೇಕರಿಗೆ ಕ್ಷಮೆಯ ವಿಷಯ ಬೋಧಿಸಿದ್ದೇನೆ. ಅದನ್ನು ಆಚರಿಸಿದವರು ಇವರು.

ಅಳತೆಯ ವಾರ ನಿನ್ನೆಗೆ ಮುಗಿಯಿತು. ಒಕ್ಕೂಟದ ಮೇಲ್ವಿಚಾರಕರು ಇಂದು ಮಧ್ಯಾಹ್ನ ಬಂದು ಸರಾಸರಿ ತೆಗೆಯುತ್ತಾರೆ. ಐವತ್ತೆಂಟೋ ಅರವತ್ತೋ, ಯಾರೂ ಗಟ್ಟಿಯಾಗಿ ಹೇಳಲಾರರು. ಬೆಳಗ್ಗೆ ಗೋಪೂಜೆ ಮಾಡುವಾಗ ನನ್ನ ಸಂಕಲ್ಪದಲ್ಲಿ ಇದ್ದದ್ದು ಸಣ್ಣಕ್ಕನ ಮಗಳ ಹೆಸರೊಂದೇ.

ಈಗ ನಿನ್ನಲ್ಲೊಂದು ಕೋರಿಕೆ. ನೀನು ಕೇಳಿದ್ದಕ್ಕೆ ಯಥಾರ್ಥವಾಗಿ ಉತ್ತರಿಸಿದ್ದೇನೆ. ಆದರೆ ಇದು ನಿನ್ನ ನನ್ನ ನಡುವೆಯೇ ಇರಲಿ. ನಿನ್ನ ಪ್ರಬಂಧದಲ್ಲಿ ಆ ಗುರುತಿನ ಪಕ್ಕದಲ್ಲಿ ‘ಕಾರಣ ತಿಳಿಯದು’ ಎಂದೇ ಬರೆ. ನಾಲ್ಕು ತಲೆಮಾರಿನಿಂದ ನಮ್ಮ ಮನೆಯ ಮಾತಿಗೆ ಈ ಸೀಮೆಯಲ್ಲಿ ಬೆಲೆಯಿದೆ, ನರಸಿಂಹರಾಜಪುರದ ನಿನ್ನ ಸೋದರತ್ತೆಯ ಮನೆಯವರೂ ನಾಳೆ ಅದನ್ನು ಓದಿಯಾರು. ಮುದುಕನ ಈ ದೌರ್ಬಲ್ಯವನ್ನು ಮನ್ನಿಸು.

ನಿನ್ನ ಗುರುಗಳಿಗೆ ನನ್ನ ಗೌರವಪೂರ್ವಕ ನಮಸ್ಕಾರಗಳನ್ನು ತಿಳಿಸು. ಅಪ್ಪ, ಅಮ್ಮ, ಅಜ್ಜಿ ಎಲ್ಲರೂ ನಿನ್ನನ್ನು ನೆನೆಯುತ್ತಾರೆ. ಹೊತ್ತಿಗೆ ಸರಿಯಾಗಿ ಉಣ್ಣು. ಹಿಡಿದ ವಿದ್ಯೆ ನಿನ್ನನ್ನು ಕೈಹಿಡಿದು ನಡೆಸಲಿ.

ಎಂದೆಂದಿಗೂ ನಿನ್ನ ಶ್ರೇಯಸ್ಸನ್ನು ಕೋರುವ
ಅಜ್ಜ,
ಸೋಮನಾಥ ಭಟ್ಟ

ಮರೆಯದೆ ಓದು: ನಿನ್ನ ಅಪ್ಪ ಬೈಕು ಚಾಲೂ ಮಾಡಿ ಅಂಚೆ ಹೊರಟುಹೋಗುತ್ತದೆಂದು ಅವಸರಪಡಿಸುತ್ತಿದ್ದಾನೆ. ಸರಾಸರಿ ಅರವತ್ತೊಂದು ಬಂತು. ಡೈರಿ ಉಳಿಯಿತು. ಸಣ್ಣಕ್ಕ ಡೈರಿಯ ಮೆಟ್ಟಿಲ ಮೇಲೆ ಕುಳಿತು ಸೆರಗಿನಲ್ಲಿ ಮುಖ ಮುಚ್ಚಿಕೊಂಡಳು, ಆಮೇಲೆ ಮಗಳಿಗೆ ಫೋನು ಮಾಡಲು ಮಾಲತಿಯ ಮೊಬೈಲು ಕೇಳಿದಳು. ಆದರೆ ನಾನು ಲಕೋಟೆ ಒಡೆದದ್ದು ಇದಕ್ಕಲ್ಲ. ಮೇಲ್ವಿಚಾರಕರ ವರದಿಯ ಹಾಳೆಯಲ್ಲಿ ‘ಹೆಚ್ಚಳಕ್ಕೆ ಕಾರಣ’ ಎಂಬೊಂದು ಜಾಗವಿತ್ತು. ಅಲ್ಲಿ ಮಾಲತಿ ‘ಹೊಸ ಪಶು ಆಹಾರ’ ಎಂದು ಬರೆದಿದ್ದಳು. ಅವರು ‘ಹೌದಾ?’ ಎಂದು ಕೇಳಿದರೆ ಸಣ್ಣಕ್ಕ, ಯ‌ಲ್ಲಕ್ಕ, ಲೆಕ್ಕ ತಿಳಿಯಲೆಂದೇ ಇಂದು ಬೇಗ ಬಂದು ವಾಹನದಲ್ಲಿ ಕುಳಿತಿದ್ದ ಯಾಕೂಬರು, ಎಲ್ಲರೂ ಒಟ್ಟಿಗೆ ತಲೆಯಾಡಿಸಿದರು. ಯಾವ ಹೊಸ ಆಹಾರವೂ ಊರಿಗೆ ಬಂದಿಲ್ಲ ಮಗಳೇ! ನನ್ನ ಮಾನ ಉಳಿಸಲು ಇಡೀ ಊರು ಇಲ್ಲದ ಹಿಂಡಿಯನ್ನು ದನಗಳಿಗೆ ತಿನ್ನಿಸಿತ್ತು. ಅದನ್ನೋದಿ ಇನ್ನಾವುದೋ ಊರಿನ ಬಡವರು ಸಾಲಮಾಡಿ ಹಿಂಡಿ ಕೊಂಡಾರು, ಇನ್ನಾರೋ ನಿನ್ನಂಥ ಮಕ್ಕಳು ಅದನ್ನೇ ನಿಜವೆಂದು ಬರೆದಾರು ಎಂದು ಥಟ್ಟನೆ ಹೊಳೆಯಿತು. ಪೆನ್ನು ಕೇಳಿ ತೆಗೆದುಕೊಂಡು ಆ ಸಾಲನ್ನು ಹೊಡೆದುಹಾಕಿ, ‘ಸಂಜೆಯ ಹಾಲು ಮತ್ತೆ ಆರಂಭ, ಹಿಂದೆ ನಿಂತದ್ದು ಸೋಮನಾಥ ಭಟ್ಟನ ತಪ್ಪು ಬೋಧೆಯಿಂದ’ ಎಂದು ಬರೆದು ಸಹಿ ಹಾಕಿದೆ. ‘ಅಲ್ಲಿ ಅಷ್ಟು ಜಾಗ ಇಲ್ಲ ಸ್ವಾಮಿ’ ಎಂದರು ಅವರು. ಅಂಚಿನಲ್ಲಿ ಬರೆದೆ. ಆದ್ದರಿಂದ ಮೇಲಿನ ಕೋರಿಕೆ ರದ್ದು. ನೀನೂ ಬರೆ, ನನ್ನ ಹೆಸರಿಟ್ಟೇ ಬರೆ, ಪ್ರೀತಿಯಿಂದ ಒಂದಕ್ಷರವನ್ನೂ ಮೆದುಗೊಳಿಸಬೇಡ. ಕರೆಯುವ ಕೈಗಳಿಗೂ, ಅಳೆಯುವ ಮಾಲತಿಗೂ, ಕಾಯುವ ಯಾಕೂಬರಿಗೂ, ಓದು ಮುಗಿಸಿ ರೋಗಿಗಳ ಹಣೆಯ ಮೇಲೆ ಕೈಯಿಡಲಿರುವ ಸಣ್ಣಕ್ಕನ ಮಗಳಿಗೂ, ಕೇಳಬೇಕಾದ ಪ್ರಶ್ನೆಯನ್ನು ಕೇಳಿದ ನಿನಗೂ, ನಮ್ಮ ಮಾತು ತಿಳಿಯದೆಯೂ ನಮ್ಮನ್ನು ಸಲಹುವ ಆ ಮೂಕ ತಾಯಂದಿರಿಗೂ ಸನ್ಮಂಗಳವಾಗಲಿ.